ಆ ಡಿಎಲ್‌ಎಲ್ ಡೌನ್‌ಲೋಡ್ ಮಾಡಬೇಡಿ
ವಿಂಡೋಸ್ 10ರಲ್ಲಿ ಡಾಟ್‌ನೆಟ್ (ಕೆಲವು ಪ್ರೋಗ್ರಾಂಗಳು ಓಡಲು ಬೇಕಾದ ಮೈಕ್ರೋಸಾಫ್ಟ್ ಸಾಫ್ಟ್‌ವೇರ್) 4.8 ಇದ್ದರೂ ಹಳೇ ಬಿಲ್ಲಿಂಗ್ ಸಾಫ್ಟ್‌ವೇರ್ 3.5 ಕೇಳುತ್ತಿದೆ, ಅದರ ಎಂಎಸ್‌ಕೋರ್‌ಇಇ ಎಂಬ ಡಿಎಲ್‌ಎಲ್ (ಪ್ರೋಗ್ರಾಂಗಳು ಬಳಸುವ ಸಹಾಯಕ ಫೈಲ್) ಎಲ್ಲಿಂದಾದರೂ ತಂದು ಹಾಕಲಾ ಅಂತ ಕೇಳಿದ್ದೀರಿ. ದಯವಿಟ್ಟು ಬೇಡ. ಯಾವುದೋ ಸೈಟಿನ ಫೈಲ್‌ನಲ್ಲಿ ವೈರಸ್ ಇರಬಹುದು, ಸಮಸ್ಯೆಯೂ ಹೋಗುವುದಿಲ್ಲ.

ಪ್ರೋಗ್ರಾಂಗೆ ಯಾವ ರನ್‌ಟೈಮ್ (ಅದನ್ನು ಓಡಿಸುವ ಡಾಟ್‌ನೆಟ್ ಭಾಗ) ಬೇಕು ಅಂತ ನೋಡಿ ಅದನ್ನು ಶುರು ಮಾಡಿಸುವುದಷ್ಟೇ ಆ ಡಿಎಲ್‌ಎಲ್ ಕೆಲಸ. ಡಾಟ್‌ನೆಟ್ 2.0, 3.0, 3.5 ಮೂರಕ್ಕೂ ರನ್‌ಟೈಮ್ ಒಂದೇ. 4.8ರದ್ದು ಬೇರೆ, ಹಾಗಾಗಿ ಅದೊಂದೇ ಸಾಲದು.

ಕಂಟ್ರೋಲ್ ಪ್ಯಾನೆಲ್‌ನಲ್ಲಿ ವಿಂಡೋಸ್ ಫೀಚರ್ಸ್ ತೆರೆದು ಡಾಟ್‌ನೆಟ್ ಫ್ರೇಮ್‌ವರ್ಕ್ 3.5ಕ್ಕೆ ಟಿಕ್ ಹಾಕಿ. ನೆಟ್ ಆನ್ ಇರಲಿ, ಬೇಕಾದ ಫೈಲುಗಳು ವಿಂಡೋಸ್ ಅಪ್‌ಡೇಟ್‌ನಿಂದಲೇ ಬರುತ್ತವೆ.

ಆಮೇಲೂ ತಕರಾರು ಮಾಡಿದರೆ, ಬಿಲ್ಲಿಂಗ್ ಸಾಫ್ಟ್‌ವೇರ್‌ನ ಎಕ್ಸ್‌ಇ (ಪ್ರೋಗ್ರಾಂ ಶುರು ಮಾಡುವ ಫೈಲ್) ಪಕ್ಕದಲ್ಲೇ ಅದೇ ಹೆಸರಿನ ಕಾನ್ಫಿಗ್ (ಸೆಟ್ಟಿಂಗ್ಸ್) ಫೈಲ್ ಇದೆಯಾ ನೋಡಿ. ಇದ್ದರೆ ನೋಟ್‌ಪ್ಯಾಡ್‌ನಲ್ಲಿ ತೆರೆದು, ಸಪೋರ್ಟೆಡ್‌ರನ್‌ಟೈಮ್ ಅನ್ನುವ ಸಾಲಿನಲ್ಲಿ ಏನಿದೆ ಅಂತ ಇಲ್ಲಿ ಹಾಕಿ.