ಬಿಟ್ಟ ಅಕ್ಷರವೂ ಮಾತನಾಡೀತೆ?

ಪ್ರಶ್ನೆ: ಆಡಿದ ಮಾತಿಗಿಂತ ಆಡದೆ ಬಿಟ್ಟ ಮಾತಿನಿಂದಲೇ ಅರ್ಥ ತಿಳಿಸುವ ಕಲ್ಪಿತ ಭಾಷೆಯೊಂದರ ವಿಚಾರವನ್ನು ಈಚೆಗೆ ಓದಿದೆ. ಹೀಗೆ ಮೌನಕ್ಕೂ ಲೋಪಕ್ಕೂ ನಿಯಮ ಕಟ್ಟಿದ ಪರಂಪರೆ ನಿಜವಾಗಿ ಎಲ್ಲಿಯಾದರೂ ಇದೆಯೆ?
– ಓದುಗರೊಬ್ಬರು, ಶಿರಸಿ

ಉತ್ತರ: ಇದೆ, ಅದನ್ನು ಹುಡುಕಿಕೊಂಡು ದೂರ ಹೋಗಬೇಕಾಗಿಯೂ ಇಲ್ಲ. 'ಊರು' ಮತ್ತು 'ಅಲ್ಲಿ' ಸೇರಿ 'ಊರಲ್ಲಿ' ಆಗುವುದು ಲೋಪಸಂಧಿ ಎಂದು ಶಾಲೆಯಲ್ಲಿ ಬಾಯಿಪಾಠ ಮಾಡಿರುತ್ತೀರಿ. ಆ 'ಲೋಪ'ದ ವ್ಯಾಖ್ಯೆ ಪಾಣಿನಿಯ ಅಷ್ಟಾಧ್ಯಾಯಿಯಲ್ಲಿಯೇ ಇದೆ. ಸುಮಾರು 4,000 ಸೂತ್ರಗಳ ಆ ಗ್ರಂಥವು ಸಂಸ್ಕೃತವನ್ನು ವಿವರಿಸುವುದಕ್ಕೆಂದೇ ರೂಪಿಸಿದ ಕೃತಕ ಪರಿಭಾಷೆಯಲ್ಲಿದ್ದು, ಒಮ್ಮೆ ಹೇಳಿದ ಪದವನ್ನು ಸಾಧ್ಯವಾದಲ್ಲೆಲ್ಲ ಮುಂದೆ ಹೇಳದೆ ಬಿಡುತ್ತದೆ. 'ಇಕೋ ಯಣಚಿ' ಎಂಬ ಸೂತ್ರದಲ್ಲಿ 'ಸ್ವರ ಪರವಾದರೆ' ಎಂಬ ಅರ್ಥದ 'ಅಚಿ' ಇದೆ. ಅದರ ಮುಂದಿನ 'ಏಚೋಽಯವಾಯಾವಃ' ಸೂತ್ರದಲ್ಲಿ ಆ ಪದವಿಲ್ಲ, ಆದರೂ ಇದೆಯೆಂದೇ ಓದಬೇಕು. ಇದು ಅನುವೃತ್ತಿ. ಅರ್ಧ ಮಾತ್ರೆ, ಅಂದರೆ ಹ್ರಸ್ವ ಸ್ವರವೊಂದನ್ನು ಉಚ್ಚರಿಸುವ ಹೊತ್ತಿನ ಅರ್ಧದಷ್ಟು, ಉಳಿತಾಯವಾದರೂ ವೈಯಾಕರಣರು ಮಗ ಹುಟ್ಟಿದಷ್ಟು ಹಿಗ್ಗುತ್ತಾರೆಂಬ ಹಳೆಯ ಮಾತೊಂದಿದೆ. (ಮಗಳು ಹುಟ್ಟಿದರೆ ಏನೆಂಬುದನ್ನೂ ಅವರು ಹೇಳದೆ ಬಿಟ್ಟಿದ್ದಾರೆ.)

ಅನುವೃತ್ತಿಯಾದರೋ ಮಿತವ್ಯಯ ಮಾತ್ರ. ಲೋಪ ಅದಕ್ಕಿಂತ ಸೂಕ್ಷ್ಮವಾದದ್ದು. 'ಅದರ್ಶನಂ ಲೋಪಃ' ಎಂಬುದು ಸೂತ್ರ. ಅಂದರೆ ಇರಬೇಕಾದದ್ದು ಕಾಣಿಸದಿರುವುದು ಲೋಪ, ಮೊದಲಿನಿಂದಲೂ ಇಲ್ಲದಿರುವುದಲ್ಲ. 'ಕ್ವಿಪ್' ಎಂಬ ಪ್ರತ್ಯಯದ ಒಂದು ಅಕ್ಷರವೂ ಪದದಲ್ಲಿ ಉಳಿಯುವುದಿಲ್ಲ. ಹಾಗಿದ್ದೂ ಅಗ್ನಿಚಯನ ಮಾಡಿದವನೆಂಬ ಅರ್ಥದ 'ಅಗ್ನಿಚಿತ್' ಪದದಲ್ಲಿ, 'ಚಿ' ಧಾತುವಿಗೆ ಹತ್ತಿದ ಈ ಪ್ರತ್ಯಯವು ಪೂರ್ತಿ ಅಳಿದ ಮೇಲೂ ತನ್ನ ನಿಮಿತ್ತದಿಂದ ಕೊನೆಗೊಂದು ತಕಾರ ಬರುವಂತೆ ಮಾಡುತ್ತದೆ. ಕಾಣದವನು ಬಂದುಹೋದದ್ದಕ್ಕೆ ಆ ತಕಾರವೇ ಸಾಕ್ಷಿ.

ಇದು ವ್ಯಾಕರಣಕಾರರ ಕೌಶಲವಷ್ಟೇ ಎನ್ನುವಿರಾದರೆ ಕನ್ನಡದ ನಿಷೇಧಾರ್ಥಕ ಕ್ರಿಯಾಪದವನ್ನು ನೋಡಿ. ನನಗಂತೂ ಪಾಣಿನಿಯ ಉದಾಹರಣೆಗಿಂತ ಇದೇ ಹೆಚ್ಚು ಸೋಜಿಗ. 'ಮಾಡಿದೆನು' ಎಂಬಲ್ಲಿ ದಕಾರ ಕಳೆದ ಕಾಲವನ್ನೂ 'ಮಾಡುವೆನು' ಎಂಬಲ್ಲಿ ವಕಾರ ಬರುವ ಕಾಲವನ್ನೂ ಸೂಚಿಸುತ್ತವೆ. ಎರಡನ್ನೂ ಬಿಟ್ಟು ಧಾತುವಿಗೆ ನೇರವಾಗಿ 'ಎನು' ಹಚ್ಚಿದರೆ 'ಮಾಡೆನು' ಎಂದಾಗಿ, 'ಇಲ್ಲ' ಎಂಬ ಅರ್ಥ ತಾನಾಗಿ ಹೊರಡುತ್ತದೆ. 'ತಾಳಮಾನಸರಿಸವನರಿಯೆ' ಎಂದು ತೊಡಗುವ ಬಸವಣ್ಣನವರ ವಚನ 'ಆನು ಒಲಿದಂತೆ ಹಾಡುವೆ' ಎಂದು ಮುಗಿಯುವುದನ್ನು ಗಮನಿಸಿ: 'ಹಾಡುವೆ'ಯಲ್ಲಿರುವ ವಕಾರ 'ಅರಿಯೆ'ಯಲ್ಲಿಲ್ಲ. ಅಲ್ಲಿ ಹಿಂದೊಮ್ಮೆ ನಿಷೇಧದ 'ಅ' ಪ್ರತ್ಯಯವಿದ್ದು ಅಳಿಯಿತೆಂದು ವಾದಿಸುವ ವಿದ್ವಾಂಸರೂ ಇದ್ದಾರೆ. ಆದರೆ 'ಅರಿಯೆ' ಎಂಬುದನ್ನು ಕೇಳುವ ಕಿವಿಗೆ ಅಲ್ಲಿ ಸಿಗುವುದು ತೆರಪು ಮಾತ್ರ.

ಕ್ರಿಯಾಪದದಲ್ಲಿ ಕಾಲಸೂಚಕಕ್ಕೆ ಗೊತ್ತಾದ ಸ್ಥಾನವೊಂದು ಇರುವುದರಿಂದಲೇ ಆ ಸ್ಥಾನ ಬರಿದಾದದ್ದು ಅರಿವಿಗೆ ಬರುತ್ತದೆ. ನೀವು ಓದಿದ ಕಲ್ಪಿತ ಭಾಷೆಯಲ್ಲಿ ಅಂಥ ಗೊತ್ತಾದ ಸ್ಥಾನಗಳಿಲ್ಲದಿದ್ದರೆ, ಅಲ್ಲಿಯ ಮೌನವನ್ನು ಒಬ್ಬೊಬ್ಬರು ಒಂದೊಂದು ಬಗೆಯಾಗಿ ಓದಿಯಾರು. ಇಂದಿನ ಬರಹದಲ್ಲಿ 'ಮಾಡೆನು' ವಿರಳವಾಗಿ, 'ಇಲ್ಲ'ವನ್ನು ಬಾಯಿಬಿಟ್ಟು ಹೇಳುವ 'ಮಾಡುವುದಿಲ್ಲ' ನೆಲೆಯೂರಿದೆ. ಆದರೂ ಉತ್ತರ ಕರ್ನಾಟಕದ ಮನೆಗಳಲ್ಲಿ ಇನ್ನೊಂದು ರೊಟ್ಟಿ ಹಾಕಬಂದವರಿಗೆ 'ಒಲ್ಲೆ' ಎಂಬ ಹಳೆಯ ರೂಪವೇ ಇಂದಿಗೂ ಉತ್ತರವಾಗಿ ಸಿಗುತ್ತದೆ.