ಬೈಟ್ ಯಾವ ಭಾಷೆಯಲ್ಲಿದೆ ಮೇಡಂ?

ಮೊನ್ನೆ ಬೆಂಗಳೂರಿನ ಗೆಳತಿ ಫೋನ್ ಮಾಡಿದ್ದಳು. ಕಾಲೇಜಿನಲ್ಲಿ ಇಬ್ಬರದೂ ಒಂದೇ ಬೆಂಚು. ಅದೂ ಇದೂ ಮಾತಾಡಿ ಕೊನೆಗೆ ಕೇಳಿದಳು: "ನಿಮ್ಮ ಬಳ್ಳಾರಿಯಲ್ಲಿ ಎಲ್ಲಾ ತೆಲುಗೇ ಅಲ್ವಾ? ನೀನು ಅಲ್ಲಿ ಕೂತು ಕನ್ನಡದಲ್ಲಿ ವಾರ್ತೆ ಓದಿದ್ರೆ ಯಾರೇ ನೋಡ್ತಾರೆ?" ನಾನೂ ನಕ್ಕು ಫೋನಿಟ್ಟೆ. ಆಮೇಲೆ ರೊಟ್ಟಿ ಗಂಟಲಲ್ಲಿ ಇಳಿಯಲಿಲ್ಲ. ಅವತ್ತು ಹೇಳದೆ ನುಂಗಿದ್ದು ಇಲ್ಲಿದೆ, ಓದಿಕೋ.

ಕಾಲುವೆಗೆ ನೀರು ಯಾವತ್ತು ಬಿಡುತ್ತಾರೆ, ಕರೆಂಟ್ ಎಷ್ಟೊತ್ತು ತೆಗೆಯುತ್ತಾರೆ ಅಂತ ತಿಳಿಯಬೇಕಾದವರೆಲ್ಲ ನೋಡುತ್ತಾರೆ. ನಮ್ಮದು ಲೋಕಲ್ ಕೇಬಲ್ ಚಾನೆಲ್. ಸ್ಕ್ರಿಪ್ಟ್ ಬರೆಯುವವಳೂ ನಾನೇ, ಓದುವವಳೂ ನಾನೇ. ಜೊತೆಗೆ ರಾಜ್ಯ ಮಟ್ಟದ ಚಾನೆಲ್ ಒಂದಕ್ಕೆ ಸ್ಟ್ರಿಂಗರ್, ಅಂದರೆ ಸಂಬಳವಿಲ್ಲದೆ ಸುದ್ದಿಗಿಷ್ಟು ಅಂತ ಕೆಲಸ ಮಾಡುವ ವರದಿಗಾರ್ತಿ. ಮೇಕಪ್, ಲೈಟು, ಪ್ರಾಂಪ್ಟರ್ ಎಲ್ಲ ಕಡೆ ಇದ್ದ ಹಾಗೇ. ಏಪ್ರಿಲ್‌ನಲ್ಲಿ ಎಸಿ ಕೈಕೊಟ್ಟರೆ ಮುಖದ ಪೌಡರ್ ಕೊರಳಿಗೆ ಇಳಿಯುತ್ತದೆ, ಅಷ್ಟೇ. ನನ್ನ ತಲೆ ತಿನ್ನುವುದು ಬೈಟ್, ಅಂದರೆ ಸುದ್ದಿಯ ನಡುವೆ ಹಾಕಲು ಜನರ ಬಾಯಿಂದಲೇ ರೆಕಾರ್ಡ್ ಮಾಡಿಕೊಳ್ಳುವ ಮಾತು.

2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಡ್ಯಾಮಿನ 19ನೇ ಗೇಟಿನ ಚೈನ್ ತುಂಡಾಗಿ ಗೇಟೇ ಕೊಚ್ಚಿಕೊಂಡು ಹೋಯಿತಲ್ಲ, ನೆನಪಿದೆಯಾ? ಇರುವ 33ರಲ್ಲಿ ಒಂದು. ತುಂಬಿದ ಡ್ಯಾಮಿನ ನೀರು ಸುಮ್ನೆ ಹೊಳೆ ಪಾಲಾಗುತ್ತಿತ್ತು. ನಿಮಗೆ ಅದು ಒಂದು ವಾರದ ಸುದ್ದಿ. ನಮ್ಮಲ್ಲಿ ಎರಡನೇ ಬೆಳೆ ಹೋಯಿತಾ ಅಂತ ಮನೆ ಮನೆಯಲ್ಲಿ ಅದೇ ಮಾತು.

ನಾನು ಸಿರುಗುಪ್ಪದ ಕಡೆ ಹೋದೆ. ಎಲ್‌ಎಲ್‌ಸಿ ಅಂದರೆ ಆ ಡ್ಯಾಮಿನ ಕೆಳಮಟ್ಟದ ಕಾಲುವೆಯ ದಂಡೆಯಲ್ಲಿ ಒಬ್ಬ ತಾತ ಸಿಕ್ಕ. ಭತ್ತ ನಾಟಿ ಮಾಡಿಸಿದ್ದ. ಮೈಕ್ ಹಿಡಿದೆ. ಎಕರೆಗೆ ಖರ್ಚೆಷ್ಟು, ಗೊಬ್ಬರಕ್ಕೆಷ್ಟು, ಸಾಲ ಎಷ್ಟು, ಲೆಕ್ಕ ಎಲ್ಲ ಕನ್ನಡದಲ್ಲೇ ಹೇಳಿದ. ಸಿಟ್ಟು ಬಂತು ನೋಡು, ತೆಲುಗಿಗೆ ಹೊರಳಿದ. ಹೊರಳಿದ್ದು ಅವನಿಗೂ ಗೊತ್ತಿಲ್ಲ. ನಿಜ ಹೇಳುತ್ತೇನೆ, ನನಗೂ ಗೊತ್ತಾಗಲಿಲ್ಲ. ವಿಡಿಯೊ ಕಳಿಸಿದ ಮೇಲೆ ರಾಜ್ಯ ಮಟ್ಟದ ಚಾನೆಲಿನ ಡೆಸ್ಕಿನಿಂದ, ಅಂದರೆ ಸುದ್ದಿ ತಿದ್ದಿ ಜೋಡಿಸುವವರಿಂದ, ಫೋನ್ ಬಂತು: "ಮೇಡಂ, ಬೈಟ್ ತೆಲುಗಲ್ಲಿದೆ. ಕನ್ನಡದ್ದು ಕಳಿಸಿ."

ಮತ್ತೆ ಅವನ ಹತ್ತಿರ ಹೋದೆ. "ತಾತಾ, ಇನ್ನೊಂದ್ಸಲ ಕನ್ನಡದಾಗ ಹೇಳ್ರಿ."

"ಏನಮ್ಮಾ, ಇಷ್ಟೊತ್ತು ಹೇಳಿದ್ದು ನಿನಗ ತಿಳೀಲಿಲ್ಲೇನು?"

ತಿಳಿದಿತ್ತು. ಅದಕ್ಕೇ ನಾಚಿಕೆಯಾಯಿತು. ಎರಡನೇ ಸಲ ಅವನು ಹೇಳಿದ್ದು ಇಷ್ಟೇ: "ನೀರು ಬಿಡ್ಬೇಕ್ರಿ." ಆರು ಸೆಕೆಂಡು. ಅದೇ ಪ್ರಸಾರವಾಯಿತು. ತೆಲುಗಿನ ಮೇಲೆ ವಾಯ್ಸ್ ಓವರ್ ಹಾಕಿ ಅಂದರೆ ಟೈಮಿಲ್ಲ ಅನ್ನುತ್ತಾರೆ. ಹಿಂದಿ ಬೈಟಿಗೆ ಮಾತ್ರ ಯಾರ ತಕರಾರೂ ಇಲ್ಲ, ಹಾಗೇ ಹೋಗುತ್ತದೆ. ಇದ್ಯಾವ ನ್ಯಾಯ?

ಇದು ಉಲ್ಟಾ ಆಗುವುದೂ ಉಂಟು. ಗಡಿ ದಾಟಿದರೆ ಡಿ. ಹಿರೇಹಾಳ್ ಇದೆ, ರಾಯದುರ್ಗದ ಕಡೆಯದು. ಹೆಸರು ಕೇಳಿದರೇ ಕನ್ನಡದ್ದು ಅಂತ ಗೊತ್ತಾಗುತ್ತದೆ, ಆದರೆ ಇರುವುದು ಆಂಧ್ರದಲ್ಲಿ. ಅಲ್ಲಿನ ಒಬ್ಬ ಹೆಣ್ಣುಮಗಳು ನನಗಿಂತ ಚೆಂದವಾಗಿ ಕನ್ನಡದಲ್ಲಿ ಮಾತಾಡಿದಳು. ಡೆಸ್ಕಿನವರು ಅವಳ ಹೆಸರಿನ ಕೆಳಗೆ "ಬಳ್ಳಾರಿ ರೈತ ಮಹಿಳೆ" ಅಂತ ಹಾಕಿಬಿಟ್ಟರು. ಅವರು ಆಂಧ್ರದವರು ಅಂದೆ. "ಕನ್ನಡ ಮಾತಾಡ್ತಿದ್ದಾರಲ್ಲಾ ಮೇಡಂ!"

ಈ ಗೆರೆ ಬಿದ್ದದ್ದು 1953ರ ಅಕ್ಟೋಬರ್ 1ಕ್ಕೆ. ಅಲ್ಲಿಯವರೆಗೆ ಎಲ್ಲರೂ ಮದ್ರಾಸಿನವರು. ಅವತ್ತು ಬಳ್ಳಾರಿ ಮೈಸೂರಿಗೆ ಬಂತು. ಆದವಾನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಹೋದವು. ನನ್ನ ಅಜ್ಜಿಯ ತವರು ಆದವಾನಿ. ಬೆಳಗಾಗುವುದರೊಳಗೆ ತವರು ಬೇರೆ ರಾಜ್ಯವಾಯಿತು. (ಸ್ಕ್ರಿಪ್ಟಿನಲ್ಲಿ ಆದವಾನಿ ಅಂತ ಬರೆದರೆ ಡೆಸ್ಕಿನವರು ಆದೋನಿ ಅಂತ ತಿದ್ದುತ್ತಾರೆ. ಅದು ಬೇರೆ ಜಗಳ.) ಬಳ್ಳಾರಿ ಕನ್ನಡ ನಾಡಿಗೆ ಸೇರುವ ಹೊತ್ತಿನಲ್ಲಿ ನಮ್ಮೂರಿನ ರಂಜಾನ್ ಸಾಬ್ ಜೀವವನ್ನೇ ಕೊಟ್ಟರು. ಅದೇ ಊರಿನ ಬಳ್ಳಾರಿ ರಾಘವ ಕನ್ನಡ, ತೆಲುಗು ಎರಡರಲ್ಲೂ ನಾಟಕ ಆಡಿದವರು. ನಾವು ಇಬ್ಬರ ಹೆಸರನ್ನೂ ಹೆಮ್ಮೆಯಿಂದಲೇ ಹೇಳುತ್ತೇವೆ. ನಿಮಗೆ ಯಾಕೆ ಗೊಂದಲ?

ಇನ್ನೊಂದು ಮಾತು. 2000ದಲ್ಲಿ ಈಟಿವಿ ಕನ್ನಡ ಶುರುವಾಯಿತು. ನಿಮ್ಮ ಮನೆಯಲ್ಲೂ ನೋಡುತ್ತಿದ್ದಿರಿ, ನಾನೇ ಕಂಡಿದ್ದೇನೆ. ಆ ವಾರ್ತೆ ಓದುತ್ತಿದ್ದವರು ಕೂರುತ್ತಿದ್ದದ್ದು ಹೈದರಾಬಾದಿನ ರಾಮೋಜಿ ಫಿಲ್ಮ್ ಸಿಟಿಯಲ್ಲಿ. ತೆಲುಗು ನೆಲದಲ್ಲಿ ಕೂತು ಓದಿದ ಕನ್ನಡವನ್ನು ಇಡೀ ಕರ್ನಾಟಕ ಊಟ ಮಾಡುತ್ತಾ ಕೇಳಿತು. ಆಗ ಯಾರೂ "ಅಲ್ಲಿಂದ ಕನ್ನಡ ಓದಿದ್ರೆ ಯಾರು ನೋಡ್ತಾರೆ" ಅನ್ನಲಿಲ್ಲ. ಬಳ್ಳಾರಿಯಲ್ಲಿ ಕೂತ ನನಗೆ ಮಾತ್ರ ಈ ಪ್ರಶ್ನೆ.

ಸಿಟ್ಟು ಜಾಸ್ತಿಯಾಯಿತು ಅನ್ನಿಸಿದರೆ ಬಿಡು, ಇದಾದರೂ ಕನ್ನಡದಲ್ಲೇ ಬಂದಿದೆ. ಎಂಟು ಗಂಟೆಗೆ ಬುಲೆಟಿನ್ ಇದೆ. ಮೆಣಸಿನಕಾಯಿ ರೇಟು ಬಿದ್ದಿದೆ, ಕುರುಗೋಡಿನಿಂದ ರೈತರ ಬೈಟ್ ಬರಬೇಕು. ಕ್ಯಾಮೆರಾ ಹುಡುಗನಿಗೆ ಹೇಳಿ ಕಳಿಸಿದ್ದೇನೆ: ಅವರಿಗೆ ಸಿಟ್ಟು ಬರುವ ಮುಂಚೆಯೇ ರೆಕಾರ್ಡ್ ಮಾಡಿಕೊಂಡು ಬಾರಪ್ಪಾ.