ಪಹಣಿಯಲ್ಲಿ ಹೆಸರಿಲ್ಲ ಅಂತ ಪಾಲು ಹೋಗಲ್ಲ

ಪಾಂಡವಪುರ ತಾಲ್ಲೂಕಿನ ಅಕ್ಕನವರಿಗೆ,

ನಿಮ್ಮ ನಾಲ್ಕು ಪುಟದ ಕಾಗದವನ್ನು ಎರಡು ಸಲ ಓದಿದೆ. ಬೇರೆ ಓದುಗರಿಗೂ ತಿಳಿಯಲಿ ಅಂತ ಚಿಕ್ಕದಾಗಿ ಹೇಳುತ್ತೇನೆ. ನಿಮ್ಮ ತಂದೆ ದುಡಿದು ಕೊಂಡಿದ್ದ 2 ಎಕರೆ ಗದ್ದೆ, ವಿಶ್ವೇಶ್ವರಯ್ಯ ನಾಲೆಯ ನೀರು ಹರಿಯುವ ಜಾಗ. ಅವರು ವಿಲ್ ಬರೆಯದೆ 2017ರಲ್ಲಿ ತೀರಿಕೊಂಡರು. ಇಬ್ಬರು ತಮ್ಮಂದಿರು ಪೌತಿ ಖಾತೆ ಮಾಡಿಸಿಕೊಂಡರು, ಅಂದರೆ ತೀರಿಕೊಂಡ ತಂದೆಯ ಖಾತೆಯನ್ನು ತಮ್ಮ ಹೆಸರಿಗೆ ಬದಲಾಯಿಸಿಕೊಂಡರು. ನಿಮಗಾಗಲಿ ನಿಮ್ಮ ತಂಗಿಗಾಗಲಿ ಗೊತ್ತೇ ಆಗಲಿಲ್ಲ. ಹೋದ ತಿಂಗಳು ದೊಡ್ಡ ತಮ್ಮ ಮನೆಗೆ ಬಂದು, "ಸುಮ್ನೆ ಒಂದು ಸಹಿ ಅಕ್ಕ, ಬ್ಯಾಂಕ್ ಸಾಲಕ್ಕೆ" ಅಂದರಂತೆ. ಪಹಣಿ ಅವರ ಹೆಸರಿಗೆ ಹೋದ ಮೇಲೆ ನಮಗೆ ಏನೂ ಉಳಿದಿಲ್ಲ ಅಲ್ವಾ ಅಂತ ಕೇಳಿದ್ದೀರಿ.

ಉಳಿದಿದೆ ಅಕ್ಕ. ನಿಮ್ಮ ಪಾಲು ಹಾಗೇ ಇದೆ. ಇಲ್ಲದಿದ್ದರೆ ನಿಮ್ಮ ಸಹಿ ಯಾಕೆ ಬೇಕು? ಕೊಳ್ಳುವವರ ವಕೀಲರೋ ಬ್ಯಾಂಕಿನ ವಕೀಲರೋ "ಹೆಣ್ಣುಮಕ್ಕಳು ಇದ್ದಾರಾ, ಅವರ ಸಹಿ ಎಲ್ಲಿ" ಅಂತ ಕೇಳಿರುತ್ತಾರೆ. ತಮ್ಮ ತರುವ ಹಾಳೆ ಹಕ್ಕು ಬಿಡುಗಡೆ ಪತ್ರ ಆಗಿದ್ದರೆ, ನಿಮ್ಮ ಪಾಲು ಹೋಗುವುದು ಆ ಸಹಿ ಹಾಕಿದಾಗ. ಪಹಣಿಯಿಂದ ಅಲ್ಲ.

ಪಹಣಿ ಕಂದಾಯ ಇಲಾಖೆಯ ಲೆಕ್ಕದ ಹಾಳೆ. ಕಂದಾಯ ಯಾರಿಂದ ವಸೂಲಿ ಮಾಡಬೇಕು, ಬೆಳೆ ಏನು, ಯಾರು ಉಳುತ್ತಿದ್ದಾರೆ ಅಂತ ಅದರಲ್ಲಿ ಇರುತ್ತದೆ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಕಲಂ ಪ್ರಕಾರ ಅದರಲ್ಲಿ ಇರುವುದನ್ನು ನಿಜ ಅಂತ ಇಟ್ಟುಕೊಳ್ಳುತ್ತಾರೆ, ಆದರೆ ಸುಳ್ಳು ಅಂತ ಸಾಬೀತಾಗುವ ತನಕ ಮಾತ್ರ. ಖಾತೆ ಬದಲಾದ ಮಾತ್ರಕ್ಕೆ ಯಾರಿಗೂ ಮಾಲೀಕತ್ವ ಬರಲ್ಲ, ಯಾರದೂ ಹೋಗಲ್ಲ ಅಂತ ಸುಪ್ರೀಂ ಕೋರ್ಟ್ ಎಷ್ಟೋ ಸಲ ಹೇಳಿದೆ. ಪಹಣಿ ಕಂಪ್ಯೂಟರಿನಲ್ಲಿದೆ, ಇನ್ನು ತಿದ್ದೋಕೆ ಆಗಲ್ಲ ಅಂತ ನಿಮ್ಮೂರಲ್ಲಿ ಯಾರೋ ಹೇಳಿದ್ದಾರೆ. ಕಂಪ್ಯೂಟರಿಗೆ ಕೊಟ್ಟ ವಂಶವೃಕ್ಷದಲ್ಲೇ ಎರಡು ಹೆಸರು ಬಿಟ್ಟಿದ್ದರೆ ಅದು ತಾನೇ ಏನು ಮಾಡೀತು?

ನಿಮ್ಮ ತಂದೆಯ ಸ್ವಯಾರ್ಜಿತ ಅಂದಮೇಲೆ ಲೆಕ್ಕ ಸುಲಭ. ಅಮ್ಮ, ಇಬ್ಬರು ತಮ್ಮಂದಿರು, ನೀವು, ನಿಮ್ಮ ತಂಗಿ, ಐದು ಜನ. 2 ಎಕರೆ ಅಂದರೆ 80 ಗುಂಟೆ, ತಲೆಗೆ 16 ಗುಂಟೆ. (ಪಿತ್ರಾರ್ಜಿತ ಆಗಿದ್ದರೂ ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಹಕ್ಕಿದೆ ಅಂತ 2020ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಬಂದಿದೆ.) ನೀವು ಇಟ್ಟಿರುವ ಪಹಣಿಯ ಜೆರಾಕ್ಸ್ ಮತ್ತೊಮ್ಮೆ ನೋಡಿ. ಮಾಲೀಕರ ಹೆಸರಿರುವ 9ನೇ ಕಾಲಂನಲ್ಲಿ ನಿಮ್ಮ ಅಮ್ಮನ ಹೆಸರೂ ಇಲ್ಲ. ನಿಮ್ಮ ಕಾಗದದಲ್ಲಿ ಆ ಮಾತೇ ಬಂದಿಲ್ಲ. ಅಮ್ಮನಿಗೆ ಇದು ಗೊತ್ತಾ, ಕೇಳಿ.

ಈಗ ಮಾಡಬೇಕಾದ್ದು. ತಾಲ್ಲೂಕು ಕಚೇರಿಗೆ ಹೋಗಿ ಆ ಪೌತಿ ಖಾತೆಯ ಎಂ.ಆರ್. (ಖಾತೆ ಬದಲಾವಣೆ ದಾಖಲಿಸುವ ಮ್ಯುಟೇಶನ್ ರಿಜಿಸ್ಟರ್) ನಕಲು ಕೇಳಿ, ಜೊತೆಗೆ ಇಟ್ಟಿದ್ದ ವಂಶವೃಕ್ಷ, ಅಫಿಡವಿಟ್ಟು, ನೋಟಿಸು ಎಲ್ಲದರ ನಕಲೂ ಬೇಕು ಅಂತ ಅರ್ಜಿಯಲ್ಲೇ ಬರೆಯಿರಿ. ಖಾತೆ ಆದದ್ದು ಗೊತ್ತಾದ 60 ದಿನದೊಳಗೆ ಉಪವಿಭಾಗಾಧಿಕಾರಿಗಳ ಮುಂದೆ ಮೇಲ್ಮನವಿ ಹಾಕಬಹುದು. ತಡವಾಗಿದ್ದರೆ ಯಾಕೆ ತಡವಾಯಿತು ಅಂತ ಜೊತೆಗೆ ಬರೆದುಕೊಡಬೇಕು. ಆದರೆ ಅಲ್ಲಿ ಎಲ್ಲವೂ ಮುಗಿಯುತ್ತದೆ ಅಂತ ಕಾಯಬೇಡಿ. ಪಾಲು ಯಾರಿಗೆಷ್ಟು ಅಂತ ತೀರ್ಮಾನ ಮಾಡುವುದು ಸಿವಿಲ್ ಕೋರ್ಟು. ವಿಭಾಗದ ದಾವೆ ಹಾಕಿ, ಜಮೀನು ಮಾರದಂತೆ ತಡೆಯಾಜ್ಞೆ ಕೇಳಿ. ಡಿಕ್ರಿ, ಅಂದರೆ ಕೋರ್ಟಿನ ಅಂತಿಮ ಆದೇಶ, ಬಂದರೆ ಪಹಣಿಯನ್ನು ಅದರಂತೆ ತಿದ್ದಲೇಬೇಕು. ವಕೀಲರಿಗೆ ದುಡ್ಡಿಲ್ಲ ಅಂತ ಬರೆದಿದ್ದೀರಿ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಕಾನೂನು ಸೇವಾ ಸಮಿತಿಯಿಂದ ಉಚಿತವಾಗಿ ವಕೀಲರು ಸಿಗುತ್ತಾರೆ. ಅದಕ್ಕೆ ನಿಮ್ಮ ತಾಲ್ಲೂಕಿನ ಕೋರ್ಟಿನಲ್ಲಿ ವಿಚಾರಿಸಿ.

ಕೊನೆಯ ಪುಟದಲ್ಲಿ ಬರೆದಿದ್ದೀರಲ್ಲ, "ಕೇಳಿದರೆ ತವರು ಮುಚ್ಚಿಹೋಗುತ್ತೆ" ಅಂತ, ಆ ಸಾಲು ಓದಿ ನನ್ನ ಸೋದರತ್ತೆ ನೆನಪಾದರು. ಹೀಗೇ ಒಂದು ಪತ್ರಕ್ಕೆ ಅವರಿಂದ ಹೆಬ್ಬೆಟ್ಟು ಒತ್ತಿಸಿಕೊಂಡರು. ನಾನಾಗ ಕಾಲೇಜು ಹುಡುಗ, ಪಕ್ಕದಲ್ಲೇ ನಿಂತಿದ್ದೆ. ಬೆರಳಿನ ಮಸಿಯನ್ನು ಅವರು ಕಚೇರಿ ಗೋಡೆಗೆ ಒರೆಸಿದರು, ಹೊಸ ಸೀರೆ ಕೊಳೆಯಾದೀತು ಅಂತ. ಆ ಸೀರೆ ಅವತ್ತು ಬೆಳಿಗ್ಗೆ ನಮ್ಮ ಮನೆಯಿಂದಲೇ ಕೊಟ್ಟಿದ್ದು. ಪತ್ರದಲ್ಲಿ ಏನಿದೆ ಅಂತ ಯಾರೂ ಓದಿ ಹೇಳಲಿಲ್ಲ. ನಾನೂ ಹೇಳಲಿಲ್ಲ. ಆಮೇಲಾದರೂ ತವರು ಜಾಸ್ತಿ ಹತ್ತಿರವಾಯಿತಾ ಅಂದರೆ, ಅದೂ ಇಲ್ಲ. ವರ್ಷಕ್ಕೊಂದು ಸಲ ಗೌರಿ ಹಬ್ಬಕ್ಕೆ ಬಂದು ಹೋಗುತ್ತಿದ್ದರು, ಅಷ್ಟೆ.

ಜಗಳ ಆಡಿ ಅಂತ ನಾನು ಹೇಳುತ್ತಿಲ್ಲ. ತಮ್ಮಂದಿರನ್ನು ಕೂರಿಸಿ ಮಾತಾಡಿ, ಒಪ್ಪಿದರೆ ಎಲ್ಲರೂ ಸೇರಿ ವಿಭಾಗ ಪತ್ರ ರಿಜಿಸ್ಟರ್ ಮಾಡಿಸಬಹುದು. ಎಲ್ಲಾ ತಿಳಿದುಕೊಂಡ ಮೇಲೆ ತಮ್ಮನಿಗೇ ಬಿಟ್ಟುಕೊಡುತ್ತೇನೆ ಅಂದರೆ ಅದು ನಿಮ್ಮ ಇಷ್ಟ. ಅಲ್ಲಿಯ ತನಕ ಯಾವ ಹಾಳೆಗೂ ಸಹಿ ಬೇಡ, ಖಾಲಿ ಹಾಳೆಗಂತೂ ಬೇಡವೇ ಬೇಡ. ತಂಗಿಗೂ ಇವತ್ತೇ ಫೋನ್ ಮಾಡಿ ಹೇಳಿ. ವಂಶವೃಕ್ಷದ ನಕಲು ಸಿಕ್ಕ ಕೂಡಲೇ ಒಂದು ಜೆರಾಕ್ಸ್ ನನಗೆ ಕಳುಹಿಸಿ, ನೋಡಿ ಮುಂದಿನ ಸಂಚಿಕೆಯಲ್ಲಿ ಬರೆಯುತ್ತೇನೆ.

– ಸಂಪಾದಕ